ಯಾರಿಗೂ ನೆಂಟನಲ್ಲದ ಮೇಲ್ವಿಚಾರಕ

ಲೂಯಿಸಿಯಾನ ರಾಜ್ಯದ ಸೇಂಟ್ ಓಬೆನ್ ಜಿಲ್ಲೆಯಲ್ಲಿ ಯಾರಿಗೂ ನೆಂಟನಲ್ಲದ ಮನುಷ್ಯ ಒಬ್ಬನೇ ಇದ್ದ. ಅವನ ಹೆಸರು ಡೋವಾನ್ ಖಾಂಗ್. ಇದು ಹೊಗಳಿಕೆಯಲ್ಲ, ದೂರೂ ಅಲ್ಲ. ಸರಕಾರದ ಮುದ್ರೆಯಿರುವ ಪ್ರಮಾಣಪತ್ರದಲ್ಲಿ ನಮೂದಾಗಿದ್ದ ಸಂಗತಿ. ಆ ಪ್ರಮಾಣಪತ್ರಕ್ಕೆ ಪ್ಲಾಸ್ಟಿಕ್ ಹೊದಿಸಿ, ದಾರ ಕಟ್ಟಿ, ಅವನ ಕೊರಳಿಗೆ ತೂಗುಹಾಕಲಾಗಿತ್ತು. ಒಟಿಲಿಯಾ ಚಂಡಮಾರುತ ಕಿತ್ತುಹಾಕಿದ ಶಾಲೆಯ ಚಾವಣಿ, ಉರುಳಿಸಿದ ನೀರಿನ ಟ್ಯಾಂಕು, ನುಂಗಿದ ಸೇತುವೆ, ಇವನ್ನೆಲ್ಲ ಮತ್ತೆ ಕಟ್ಟುವುದಕ್ಕೆ ಬರಬೇಕಾದ ಹಣ ಈ ಮನುಷ್ಯನ ಸಹಿಯಿದ್ದರೆ ಮಾತ್ರ ಬರುತ್ತಿತ್ತು. ಆದ್ದರಿಂದ ಅವನ ಒಬ್ಬಳೇ ಮಗಳು ತ್ರಾಮ್‌ಗೆ ಮದುವೆ ಗೊತ್ತಾದಾಗ ಜಿಲ್ಲಾಡಳಿತವು ಅದನ್ನು ಎರಡನೆಯ ಅನಾಹುತವೆಂದು ಪರಿಗಣಿಸಿದ್ದರಲ್ಲಿ ಆಶ್ಚರ್ಯವೇನೂ ಇಲ್ಲ.

ಇದು ಹೇಗಾಯಿತು ಎಂಬುದನ್ನು ಮೊದಲಿನಿಂದ ಹೇಳುವುದೇ ಮೇಲು. ನಡುವಿನಿಂದ ಹೇಳಿದರೆ ತಪ್ಪೆಲ್ಲ ಖಾಂಗ್‌ನದೇ ಅನ್ನಿಸುವ ಅಪಾಯವಿದೆ.

ಒಟಿಲಿಯಾ ಬಂದುಹೋದ ಮೇಲೆ ರಸ್ತೆಯ ಎರಡೂ ಬದಿಯಲ್ಲಿ ಮುರಿದ ಮರ, ಹರಿದ ಚಾವಣಿ, ಟೇಪು ಸುತ್ತಿದ ಫ್ರಿಜ್ಜುಗಳು ಗುಡ್ಡೆ ಬಿದ್ದವು. ಫ್ರಿಜ್ಜಿಗೆ ಟೇಪು ಸುತ್ತುವುದು ಅದರ ಬಾಗಿಲು ತೆರೆದುಕೊಳ್ಳದಿರಲಿ ಎಂದು. ವಾರಗಟ್ಟಲೆ ಕರೆಂಟಿಲ್ಲದ ಮನೆಯ ಫ್ರಿಜ್ಜಿನಲ್ಲಿ ಸಿಗಡಿ ಏನಾಗಿರುತ್ತದೆ ಎಂಬುದನ್ನು ವಿವರಿಸುವ ಅಗತ್ಯವಿಲ್ಲ. ಈ ಕಸವನ್ನು ಲಾರಿಗಳು ಊರಾಚೆಯ ಬಯಲಿಗೆ ಸಾಗಿಸುತ್ತವೆ. ಬಯಲಿನ ಬಾಗಿಲಲ್ಲಿ ಮರದ ಅಟ್ಟಣಿಗೆಯೊಂದು ಇರುತ್ತದೆ. ಅದರ ಮೇಲೆ ನಿಂತ ಮೇಲ್ವಿಚಾರಕ ಕೆಳಗೆ ಬಂದು ನಿಂತ ಲಾರಿಯೊಳಗೆ ಬಗ್ಗಿ ನೋಡಿ ‘ಎಂಬತ್ತು’ ಅನ್ನುತ್ತಾನೆ, ಇಲ್ಲವೆ ‘ಅರವತ್ತು’ ಅನ್ನುತ್ತಾನೆ. ಅಂದರೆ ಲಾರಿ ನೂರಕ್ಕೆ ಅಷ್ಟು ಭಾಗ ತುಂಬಿದೆ, ಅಷ್ಟಕ್ಕೆ ಬಾಡಿಗೆ ಕೊಡಬಹುದು ಎಂದರ್ಥ. ಲಾರಿಯ ಮಾಲೀಕ ಮೇಲ್ವಿಚಾರಕನ ಭಾವಮೈದುನನಾಗಿದ್ದರೆ ಖಾಲಿ ಲಾರಿ ಕೂಡ ತುಳುಕುತ್ತಿರುವಂತೆ ಕಾಣುತ್ತದೆ ಎಂಬುದು ಸರಕಾರಕ್ಕೆ ಅನುಭವದಿಂದ ಗೊತ್ತಿತ್ತು. ಹೀಗಾಗಿ ಚಂಡಮಾರುತ ಪರಿಹಾರ ವೆಚ್ಚದ ಮೇಲ್ವಿಚಾರಣಾ ಕಚೇರಿಯು ಪ್ರತಿಯೊಬ್ಬ ಮೇಲ್ವಿಚಾರಕನಿಗೂ ಒಂದು ಅರ್ಜಿ ನಮೂನೆ ಕಳಿಸಿತು. ಅದರಲ್ಲಿ ‘ಗುತ್ತಿಗೆದಾರರೊಂದಿಗೆ ನಿಮಗಿರುವ ಸಂಬಂಧ’ ಎಂದು ಕೇಳಲಾಗಿತ್ತು.

ಬೇರೆ ಜಿಲ್ಲೆಗಳ ಜನ ಅಲ್ಲಿ ‘ಇಲ್ಲ’ ಎಂದು ಬರೆದು ಕಳಿಸಿದರು. ಅದು ನಿಜವೇ ಎಂದು ಯಾರೂ ಕೇಳಲಿಲ್ಲ. ಸೇಂಟ್ ಓಬೆನ್‌ನವರು ಮಾತ್ರ ಎಡವಿದರು. ಇಲ್ಲಿ ಹೊಸಬರು ಸಿಕ್ಕರೆ ಮೊದಲು ಕೇಳುವುದು ಹೆಸರನ್ನಲ್ಲ, ‘ನಿಮ್ಮಮ್ಮ ಯಾರ ಮನೆಯೋರು?’ ಎಂದು. ಉತ್ತರದಲ್ಲಿ ಊರಿನ ದೊಡ್ಡ ಮನೆತನಗಳ ಒಬ್ಬ ಶೆರಮಿಯೋ ಒಬ್ಬ ಫಾಲ್ಗೂವೋ ಸಿಗುವವರೆಗೆ ಬಿಡುವುದಿಲ್ಲ. ಇಂಥ ಊರಲ್ಲಿ ಗುತ್ತಿಗೆದಾರ ನನಗೇನೂ ಆಗಬೇಕಾಗಿಲ್ಲ ಎಂದು ಬರೆದುಕೊಡುವುದೆಂದರೆ ಅವನ ಹೆತ್ತ ತಾಯಿಗೆ ಅವಮಾನ ಮಾಡಿದಂತೆ. ಆದ್ದರಿಂದ ಅವರು ಇದ್ದದ್ದನ್ನೆಲ್ಲ ಬರೆದರು. ಜಾಗ ಸಾಲದೆ ಹಾಳೆ ಅಂಟಿಸಿದರು. ಮುತ್ತಜ್ಜಿಯ ಹೆಸರು ಮರೆತವರು ಚರ್ಚಿಗೆ ಹೋಗಿ ಹುಡುಕಿಸಿ ತಂದರು. ಒಬ್ಬಾತನಂತೂ ತಾನು ಗುತ್ತಿಗೆದಾರನಿಗೆ ಮೂರು ಕಡೆಯಿಂದ ಭಾವನಾಗುವುದನ್ನು ಚಿತ್ರ ಬಿಡಿಸಿ ತೋರಿಸಿ, ಸಂದೇಹವಿದ್ದರೆ ಇರಲಿ ಎಂದು ಒಂದು ಮದುವೆಯ ಫೋಟೋ ಲಗತ್ತಿಸಿದ್ದ. ಕಚೇರಿಯು ಎಲ್ಲರನ್ನೂ ಒಂದೇ ದಿನ ಕೆಲಸದಿಂದ ತೆಗೆಯಿತು.

ಬದಲಿಗೆ ಒಹಾಯೋದಿಂದ ಒಬ್ಬ ಅಧಿಕಾರಿಯನ್ನು ಕರೆಸಿದರು. ಆತ ಅಪ್ಪಟ ಹೊರಗಿನವ. ಆದರೆ ಊರವರಿಗೆ ಅವನು ಒಬ್ಬನೇ ಕೂತು ಉಣ್ಣುವುದನ್ನು ನೋಡಲಾಗಲಿಲ್ಲ. ಎರಡನೆಯ ಭಾನುವಾರವೇ ಅವನು ಒಂದು ಶೆರಮಿ ಕೂಸಿಗೆ ಪರೆನ್ ಆಗಿ, ಅಂದರೆ ಚರ್ಚಿನಲ್ಲಿ ಕೂಸಿಗೆ ಹೆಸರಿಡುವಾಗ ನಿಲ್ಲುವ ಜ್ಞಾನಸ್ನಾನದ ತಂದೆಯಾಗಿ, ಮೇಣದ ಬತ್ತಿ ಹಿಡಿದು ನಿಂತಿದ್ದ. ಕಚೇರಿಯ ನಿಯಮದ ಪ್ರಕಾರ ರಕ್ತ, ಮದುವೆ, ಜ್ಞಾನಸ್ನಾನ ಮೂರೂ ಸಂಬಂಧವೇ. ಅವನನ್ನೂ ವಾಪಸು ಕರೆಸಿಕೊಂಡರು. ಹೋಗುವಾಗ ಅತ್ತುಬಿಟ್ಟನಂತೆ.

ಆಗ ಕಣ್ಣಿಗೆ ಬಿದ್ದವನು ಖಾಂಗ್. ವಿಯೆಟ್ನಾಮಿನಿಂದ ಎಳೆಯ ವಯಸ್ಸಿನಲ್ಲಿ ಬಂದು, ಬಾಯೂ ಕನಾರ್ ಎಂಬ ಕಾಲುವೆ ದಂಡೆಯ ಊರಿನಲ್ಲಿ ನೆಲೆಸಿ, ಸಿಗಡಿ ಹಿಡಿದು ಬದುಕಿದವನು. ಅವನ ಜೊತೆಗೆ ಬಂದ ಮನೆಗಳ ಮಕ್ಕಳೆಲ್ಲ ಆಗಲೇ ಶೆರಮಿಗಳನ್ನೋ ಫಾಲ್ಗೂಗಳನ್ನೋ ಮದುವೆಯಾಗಿ ನೆಂಟರ ಸಾಲಿಗೆ ಸೇರಿಹೋಗಿದ್ದರು. ಖಾಂಗ್‌ನನ್ನೂ ಪರೆನ್ ಆಗೆಂದು ಕೇಳಿದವರುಂಟು. ಕೇಳಿದಾಗಲೆಲ್ಲ ಸಿಗಡಿಯ ಕಾಲವಾಗಿತ್ತು, ಅವನು ಸಮುದ್ರದಲ್ಲಿದ್ದ. ಬೇರೆ ಕಾರಣವೇನೂ ಇಲ್ಲ. ಕಚೇರಿಯ ಕಡತದಲ್ಲಿ ಇದನ್ನು ‘ದೀರ್ಘಕಾಲದ ನಿಷ್ಪಕ್ಷಪಾತ ನಡವಳಿಕೆ’ ಎಂದು ಬರೆದುಕೊಂಡರು. ಅವನ ದೋಣಿಯನ್ನು ಒಟಿಲಿಯಾ ಎತ್ತಿಕೊಂಡು ಹೋಗಿ ಕಬ್ಬಿನ ಗದ್ದೆಯ ನಡುವೆ ಇಟ್ಟಿದ್ದರಿಂದ ಅವನಿಗೂ ಬೇರೆ ಕೆಲಸವಿರಲಿಲ್ಲ. ಒಪ್ಪಿಕೊಂಡ.

ಅವನು ಅಟ್ಟಣಿಗೆ ಹತ್ತಿದ ವಾರವೇ ಊರಿನ ಅಂಗಡಿಗಳ ಬಾಗಿಲಿಗೆ ಒಂದು ಪ್ರಕಟಣೆ ಅಂಟಿಸಲಾಯಿತು:

‘ಸಾರ್ವಜನಿಕರಿಗೆ ಈ ಮೂಲಕ ತಿಳಿಯಪಡಿಸುವುದೇನೆಂದರೆ, ಶ್ರೀ ಡೋವಾನ್ ಖಾಂಗ್ ಅವರನ್ನು ಅಣ್ಣ, ಭಾವ, ಮಾಮ ಮುಂತಾಗಿ ಕರೆಯುವುದನ್ನು ನಿಷೇಧಿಸಲಾಗಿದೆ. ಬೇಯಿಸಿದ ಕ್ರಾಫಿಶ್ಶನ್ನು ಅವರೊಂದಿಗೆ ಒಂದೇ ರಾಶಿಯಿಂದ ತಿನ್ನತಕ್ಕದ್ದಲ್ಲ. ತಿನ್ನಲೇಬೇಕಾಗಿ ಬಂದಲ್ಲಿ ಅವರಿಗೆ ಪ್ರತ್ಯೇಕ ದಿನಪತ್ರಿಕೆ ಹಾಸತಕ್ಕದ್ದು.’

ಕ್ರಾಫಿಶ್ ಎಂಬ ಕೆಸರುನೀರಿನ ಸಿಗಡಿಯನ್ನು ಬೇಯಿಸಿದರೆ ಉದ್ದನೆಯ ಮೇಜಿಗೆ ದಿನಪತ್ರಿಕೆ ಹಾಸಿ, ಮೇಲೆ ರಾಶಿ ಸುರಿದು, ಸುತ್ತ ನಿಂತು ತಿನ್ನುವುದು ಇಲ್ಲಿನ ವಾಡಿಕೆ. ಅದಕ್ಕಾಗಿ ಕೊನೆಯ ವಾಕ್ಯ. ಖಾಂಗ್ ಬೇಸರ ಮಾಡಿಕೊಳ್ಳಲಿಲ್ಲ. ಅವನ ಪತ್ರಿಕೆಗೆ ದಪ್ಪ ಕ್ರಾಫಿಶ್‌ಗಳನ್ನೇ ಆರಿಸಿ ಹಾಕುತ್ತಿದ್ದರು.

ಲಾರಿ ಓಡಿಸುವವರಲ್ಲಿ ಎಲ್ಡನ್ ಶೆರಮಿ ಎಂಬುವನಿದ್ದ. ಅವನೂ ಔಷಧಿ ಅಂಗಡಿಯಲ್ಲಿ ಕೆಲಸಕ್ಕಿದ್ದ ತ್ರಾಮ್‌ಳೂ ಒಬ್ಬರನ್ನೊಬ್ಬರು ಮೆಚ್ಚಿಕೊಂಡಿದ್ದಾರೆಂದು ಊರಿಗೆಲ್ಲ ಗೊತ್ತಿತ್ತು. ಖಾಂಗ್‌ಗೂ ಗೊತ್ತಿತ್ತು. ಗೊತ್ತಿದ್ದದ್ದರಿಂದಲೇ ಅವನು ಎಲ್ಡನ್‌ನ ಲಾರಿಯನ್ನು ಬೇರೆಯವರ ಲಾರಿಗಿಂತ ಹೆಚ್ಚು ಹೊತ್ತು ನೋಡುತ್ತಿದ್ದ.

“ಅರವತ್ತು,” ಎಂದ ಒಂದು ದಿನ.

“ಮಿಸ್ಟರ್ ಖಾಂಗ್, ಮೇಲೊಂದು ಸೋಫಾ ಇದೆ ನೋಡಿ. ಅದನ್ನ ಸೇರಿಸಿದ್ರಾ?” ಎಂದ ಎಲ್ಡನ್, ಕಿಟಕಿಯಿಂದ ತಲೆ ಹೊರಗೆ ಹಾಕಿ.

“ಸೋಫಾ ಕೆಳಗೆ ಬರೀ ಗಾಳಿ ಇದೆ. ಗಾಳಿಗೆ ಸರಕಾರ ದುಡ್ಡು ಕೊಡಲ್ಲ.”

“ಇಷ್ಟೆಲ್ಲ ಆಗಿದ್ದೇ ಗಾಳಿಯಿಂದ ಅಲ್ವಾ ಸರ್?”

“ಅರವತ್ತು. ಮುಂದೆ ಹೋಗಪ್ಪ, ಹಿಂದಿನ ಲಾರಿಯವನು ಹಾರ್ನ್ ಹೊಡೀತಿದಾನೆ.”

ಸಂಜೆ ಎಲ್ಡನ್ ತ್ರಾಮ್‌ಗೆ, “ನಿಮ್ಮಪ್ಪ ನನ್ನನ್ನ ನೋಡಿದ್ರೂ ಅರವತ್ತು ಅಂತಾರೆ ಅನ್ಸುತ್ತೆ,” ಎಂದ.

“ಮೊದಲು ಐವತ್ತು ಅಂತಿದ್ರು. ಸುಮ್ನಿರು, ಏರ್ತಾ ಇದೀಯ,” ಎಂದಳು ಅವಳು.

ಅವರಿಬ್ಬರ ಮದುವೆ ನವೆಂಬರಿನಲ್ಲಿ ಎಂದು ಗೊತ್ತಾಯಿತು. ಈ ಭಾಗದಲ್ಲಿ ಆಗಸ್ಟು ಸೆಪ್ಟೆಂಬರಿನಲ್ಲಿ ಯಾರೂ ಮದುವೆ ಇಟ್ಟುಕೊಳ್ಳುವುದಿಲ್ಲ, ಚಪ್ಪರ ಹಾರಿಹೋಗುತ್ತದೆ. ಖಾಂಗ್ ಅಂದೇ ಹೆಂಡತಿ ಲುವಾಳ ಜೊತೆ ಪೇಟೆಗೆ ಹೋಗಿ ಒಂದು ಕೋಟು ಕೊಂಡ. ಮಗಳು ಹುಟ್ಟಿದಾಗ ಅವನು ಸಮುದ್ರದಲ್ಲಿದ್ದ. ಶಾಲೆಗೆ ಸೇರಿದಾಗ, ಪಾಸಾದಾಗ, ಕೈ ಮುರಿದುಕೊಂಡಾಗ ಕೂಡ ಸಮುದ್ರದಲ್ಲೇ ಇದ್ದ. ಮದುವೆಯ ದಿನವಾದರೂ ನೆಲದ ಮೇಲೆ ನಿಂತು, ತಂದೆಯಾಗಿ, ಅವಳ ಕೈ ಹಿಡಿದು ನಡೆಸಿಕೊಂಡು ಹೋಗಬೇಕು. ಅವನಿಗಿದ್ದ ಆಸೆ ಇಷ್ಟೇ. ಇದನ್ನು ಸ್ಪಷ್ಟವಾಗಿ ಹೇಳಿಬಿಡುವುದು ಒಳ್ಳೆಯದು, ಯಾಕೆಂದರೆ ಇನ್ನು ಮುಂದೆ ನಡೆಯುವುದರಲ್ಲಿ ಇದು ಪದೇಪದೇ ಮರೆತುಹೋಗುವಂತಿದೆ.

ಮರುದಿನವೇ ಜಿಲ್ಲೆಯ ಅಧ್ಯಕ್ಷರಾದ ವಿಲ್ಫ್ರೆಡ್ ಫಾಲ್ಗೂ ಮನೆಗೆ ಬಂದರು. ಕೈಯಲ್ಲಿ ಅಂಜೂರದ ಕೇಕು ಇತ್ತು.

“ಏನ್ ಭಾವ, ಹೇಗಿ...” ಎಂದವರು ನಾಲಿಗೆ ಕಚ್ಚಿಕೊಂಡು, “ಮಿಸ್ಟರ್ ಖಾಂಗ್,” ಎಂದು ತಿದ್ದಿಕೊಂಡರು. ಕೂತು, ಕೇಕನ್ನು ಮೇಜಿನ ಮೇಲಿಟ್ಟರು. ಅದರಿಂದ ಸಂಬಂಧ ಉಂಟಾದೀತೆಂದು ಅನುಮಾನ ಬಂದು ಎತ್ತಿ ತಮ್ಮ ಕುರ್ಚಿಯ ಕೆಳಗೆ ಇಟ್ಟುಕೊಂಡರು.

“ಹುಡುಗ ಚಿನ್ನದಂಥವನು. ನನ್ನ ಸ್ವಂತ ತಂಗಿ ಮಗ. ತೊಂದರೆ ಇರೋದೇ ಅಲ್ಲಿ. ಅವನು ನಿಮ್ಮ ಅಳಿಯ ಆದ್ರೆ ನೀವು ನನಗೆ ಬೀಗರು. ನೀವು ನನಗೆ ಬೀಗರಾದ್ರೆ ಶಾಲೆಗೆ ಚಾವಣಿ ಇಲ್ಲ.”

“ಬೇರೆ ಯಾರನ್ನಾದ್ರೂ ಹುಡುಕಿ ಅಧ್ಯಕ್ಷರೇ. ನಾನು ಕೆಲಸ ಬಿಡ್ತೀನಿ,” ಎಂದ ಖಾಂಗ್.

“ಯಾರನ್ನ ಹುಡುಕಲಿ? ಆ ಒಹಾಯೋದವನು ನನಗೆ ಈಗ್ಲೂ ವಾರಕ್ಕೊಂದ್ಸಲ ಫೋನ್ ಮಾಡಿ ಕೂಸು ಹೇಗಿದೆ ಅಂತ ಕೇಳ್ತಾನೆ. ಇನ್ನೊಬ್ಬ ಬಂದ್ರೂ ಅದೇ ಕತೆ. ನಮ್ಮ ಜನ ಗೊತ್ತಲ್ಲ ನಿಮಗೆ, ಊಟ ಹಾಕದೇ ಬಿಡೋದಿಲ್ಲ.” ಅಧ್ಯಕ್ಷರು ದನಿ ತಗ್ಗಿಸಿದರು. “ಮದುವೆ ಸ್ವಲ್ಪ ಮುಂದೂಡೋಕೆ ಆಗುತ್ತಾ?”

“ಸ್ವಲ್ಪ ಅಂದ್ರೆ?” ಎಂದಳು ಲುವಾ, ಕಾಫಿ ತಂದಿಡುತ್ತ.

“ಪುನರ್ನಿರ್ಮಾಣದ ಕೆಲಸ ಮುಗಿಯೋವರೆಗೆ, ಅಮ್ಮಾ.”

“ಯಾವಾಗ ಮುಗಿಯುತ್ತೆ?”

ಅಧ್ಯಕ್ಷರು ಪ್ರಾಮಾಣಿಕರು. ಯೋಚಿಸಿ ಹೇಳಿದರು: “ಇದಕ್ಕೆ ಮುಂಚೆ ಬಂದಿತ್ತಲ್ಲ ಚಂಡಮಾರುತ, ಅದರ ಕೆಲಸ ಮುಗೀತಾ ಬಂದಿದೆ.”

“ಅದು ಬಂದಾಗ ತ್ರಾಮ್‌ಗೆ ಹಾಲುಹಲ್ಲು ಬೀಳ್ತಾ ಇತ್ತು,” ಎಂದಳು ಲುವಾ. “ಕಾಫಿ ಕುಡೀರಿ. ನಿಮ್ಮ ಲೋಟ ಬೇರೆ ಇಟ್ಟಿದೀನಿ.”

ಆಮೇಲೆ ಊರು ತನಗೆ ತಿಳಿದ ರೀತಿಯಲ್ಲಿ ಪ್ರಯತ್ನ ನಡೆಸಿತು. ಎಲ್ಡನ್‌ನ ತಾಯಿ ಕ್ಲೋಥಿಲ್ಡ್ ಖುದ್ದಾಗಿ ಔಷಧಿ ಅಂಗಡಿಗೆ ಬಂದು, ತನ್ನ ಮಗನನ್ನು ಕಟ್ಟಿಕೊಳ್ಳಬೇಡವೆಂದು ತ್ರಾಮ್‌ಗೆ ಬುದ್ಧಿ ಹೇಳಿದಳು. ಆಕೆಯ ಮನೆಗೆ ಇನ್ನೂ ಚಾವಣಿಯ ಬದಲು ನೀಲಿ ಟಾರ್ಪಾಲೇ ಇತ್ತು. ಮಳೆ ಬಂದರೆ ಮಂಚವನ್ನು ಅಡುಗೆಮನೆಗೆ ಎಳೆದುಕೊಳ್ಳುತ್ತಿದ್ದಳು.

“ಗೊರಕೆ ಹೊಡೀತಾನೆ ಕಣಮ್ಮ,” ಎಂದಳು. “ಸೋಮಾರಿ.”

“ಬೆಳಗಿಂದ ಸಂಜೆವರೆಗೆ ಲಾರಿ ಓಡಿಸ್ತಾನಲ್ಲ ಆಂಟಿ.”

ಕ್ಲೋಥಿಲ್ಡ್ ಸುತ್ತ ನೋಡಿ, “ಗಂಬೋ ಸಾರಿಗೆ ಟೊಮೆಟೊ ಹಾಕ್ತಾನೆ,” ಎಂದಳು. ಕಾಲುವೆ ದಂಡೆಯ ಮನೆಗಳಲ್ಲಿ ಒಬ್ಬ ತಾಯಿ ತನ್ನ ಮಗನ ಬಗ್ಗೆ ಹೇಳಬಹುದಾದ ಮಾತುಗಳಲ್ಲಿ ಇದಕ್ಕಿಂತ ಕೆಟ್ಟದ್ದಿಲ್ಲ. ಅದು ಸುಳ್ಳು ಬೇರೆ. ಅಂದೇ ಸಂಜೆ ಆಕೆ ಚರ್ಚಿಗೆ ಹೋಗಿ ಪಾದ್ರಿಯ ಮುಂದೆ ತಪ್ಪೊಪ್ಪಿಕೊಂಡಳು.

“ಟೊಮೆಟೊ ನನಗಿಷ್ಟ,” ಎಂದಿದ್ದಳು ತ್ರಾಮ್.

ಕೊನೆಗೆ ಅಧ್ಯಕ್ಷರು ಮೇಲ್ವಿಚಾರಣಾ ಕಚೇರಿಗೇ ಬರೆದರು. ಕಚೇರಿಯಿಂದ ಲೋರ್ನಾ ಪ್ರೂವಿಟ್ ಎಂಬ ಹಿರಿಯ ಅಧಿಕಾರಿಣಿ ಬಂದರು. ಆಕೆ ಒಳ್ಳೆಯ ಹೆಂಗಸು. ಊರಲ್ಲಿ ಯಾರ ಮನೆಯಲ್ಲೂ ನೀರು ಕೂಡ ಕುಡಿಯದೆ, ತಾವೇ ತಂದ ಬಿಸ್ಕೆಟ್ಟನ್ನು ಕಾರಿನೊಳಗೆ ಕೂತು ತಿಂದು, ಕಿಟಕಿಯ ಗಾಜು ಏರಿಸಿಕೊಂಡೇ ಇದ್ದರು. ಮುನ್ನೆಚ್ಚರಿಕೆ ಎಂದರೆ ಅದು. ಆಮೇಲೆ ಖಾಂಗ್‌ನ ಮನೆಯ ಅಂಗಳದಲ್ಲಿ, ಯಾರಿಗೂ ಹತ್ತಿರವಲ್ಲದ ದೂರದಲ್ಲಿ ಒಂದು ಮಡಚುವ ಕುರ್ಚಿ ಹಾಕಿಕೊಂಡು ಕೂತು, ಎಲ್ಲರ ಮಾತನ್ನೂ ಕೇಳಿದರು.

“ಮದುವೆಯಲ್ಲಿ ಯಾವ ದೋಷವೂ ಇಲ್ಲ,” ಎಂದರು ಕೊನೆಗೆ. “ದೋಷ ಇರೋದು ವಧುವಿನಲ್ಲಿ.”

“ನನ್ನಲ್ಲೇನು ದೋಷ?” ಎಂದಳು ತ್ರಾಮ್.

“ನೀವು ಮಧ್ಯದಲ್ಲಿದ್ದೀರಿ. ಈ ಕಡೆ ಮಿಸ್ಟರ್ ಖಾಂಗ್, ಆ ಕಡೆ ಜಿಲ್ಲೆಯ ಸಮಸ್ತ ಗುತ್ತಿಗೆದಾರರು. ಸಂಬಂಧ ಹರಿದುಬರೋದು ನಿಮ್ಮ ಮೂಲಕ. ಮದುವೆ ನಿಲ್ಲಿಸೋಕೆ ನಮಗೆ ಅಧಿಕಾರ ಇಲ್ಲ, ಅದು ಖಾಸಗಿ ವಿಷಯ. ಆದ್ದರಿಂದ ಈ ಕಡೆಯ ಕೊಂಡಿಯನ್ನ ಬಿಚ್ಚಬೇಕಾಗುತ್ತೆ.”

ಈ ಕಡೆಯ ಕೊಂಡಿ ಎಂದರೆ ಮಗಳು ಎಂದರ್ಥ. ಇಂಥ ಸಂದರ್ಭಕ್ಕೆಂದೇ ಕಚೇರಿಯು ಹೊಸದಾಗಿ ‘ತಾತ್ಕಾಲಿಕ ಸಂಬಂಧ ವಿರಾಮ’ ಎಂಬ ಸೌಲಭ್ಯವನ್ನು ಜಾರಿಗೆ ತಂದಿತ್ತು. ಅದರಂತೆ ಕಾಮಗಾರಿ ಮುಗಿಯುವವರೆಗೆ ತ್ರಾಮ್ ಖಾಂಗ್‌ಗೆ ಏನೂ ಆಗತಕ್ಕದ್ದಲ್ಲ. ಕಾಮಗಾರಿ ಮುಗಿದ ಮೇಲೆ ಆಕೆ ಮೊದಲಿದ್ದ ಸ್ಥಿತಿಯಲ್ಲೇ ಮಗಳಾಗಿ ಹಿಂತಿರುಗತಕ್ಕದ್ದು. ಅಲ್ಲಿಯವರೆಗಿನ ಸವಕಳಿಗೆ ಸರಕಾರ ಹೊಣೆಯಲ್ಲ.

ಲುವಾ ಕೈಯೊರೆಸಿಕೊಳ್ಳುತ್ತ ಮುಂದೆ ಬಂದಳು. “ನಾನು ಅವಳ ತಾಯಿ ಹೌದೋ ಅಲ್ವೋ?”

“ನಿಮಗೆ ಯಾವ ಹುದ್ದೆಯೂ ಇಲ್ಲವಲ್ಲ ಮೇಡಂ. ನೀವು ಧಾರಾಳವಾಗಿ ತಾಯಿ.”

“ಇವರು ನನ್ನ ಗಂಡ.”

“ಹೌದು. ದಾಖಲೆ ಇದೆ.”

“ಅವಳು ನನ್ನ ಮಗಳು. ಆದ್ರೆ ಇವರಿಗೆ ಅವಳು ಯಾರೂ ಅಲ್ಲ. ಹಾಗಾದ್ರೆ ನನ್ನ ಬಗ್ಗೆ ಊರವರು ಏನಂದ್ಕೋಬೇಕು?”

ಲೋರ್ನಾ ಪ್ರೂವಿಟ್ ತಮ್ಮ ಪುಸ್ತಕ ತಿರುವಿ ನೋಡಿದರು. “ಅದು ನಮ್ಮ ವ್ಯಾಪ್ತಿಗೆ ಬರೋದಿಲ್ಲ.”

ಬೇಲಿಯ ಆಚೆ ನಿಂತು ಕೇಳುತ್ತಿದ್ದ ಶೆರಮಿಗಳಲ್ಲಿ ಯಾರೋ ಕಿಸಕ್ಕೆಂದರು. ಖಾಂಗ್ ಮಾತ್ರ ನಗಲಿಲ್ಲ. ಕೊರಳಲ್ಲಿದ್ದ ಪ್ರಮಾಣಪತ್ರ ತೆಗೆದು ಮಡಚುವ ಕುರ್ಚಿಯ ಕೈಮೇಲಿಟ್ಟು, ಎದ್ದು, ಕಬ್ಬಿನ ಗದ್ದೆಯ ಕಡೆಗೆ ಹೊರಟುಹೋದ.

ತ್ರಾಮ್ ಹಿಂದೆಯೇ ಹೋದಳು. ಅವನು ತನ್ನ ದೋಣಿ ಹತ್ತಿ ಚುಕ್ಕಾಣಿಯ ಹತ್ತಿರ ಕೂತಿದ್ದ. ಸುತ್ತ ಕಬ್ಬು ದೋಣಿಯ ಅಂಚಿನವರೆಗೆ ಬೆಳೆದು ಗಾಳಿಗೆ ಅಲೆಯಂತೆ ಆಡುತ್ತಿತ್ತು. ಈ ದೋಣಿಯನ್ನು ಎಳೆದು ನೀರಿಗೆ ಇಳಿಸುವ ಕೆಲಸಕ್ಕೂ ಅವನ ಸಹಿಯೇ ಬೇಕಿತ್ತು, ಆದರೆ ಸ್ವಂತದ ಸೊತ್ತಿಗೆ ಸಹಿ ಹಾಕುವಂತಿರಲಿಲ್ಲ.

“ಸಹಿ ಹಾಕಿಬಿಡಪ್ಪ,” ಎಂದಳು ಅವಳು, ಏಣಿಯ ಮೇಲೆಯೇ ನಿಂತು.

“ನೀನು ಹುಟ್ಟಿದ್ದನ್ನ ನನಗೆ ರೇಡಿಯೋದಲ್ಲಿ ಹೇಳಿದ್ರು. ದೋಣಿಯಲ್ಲಿರೋ ರೇಡಿಯೋ. ಗರಗರ ಅಂತಿತ್ತು. ಗಂಡೋ ಹೆಣ್ಣೋ ಅಂತ ತಿಳಿಯೋಕೇ ಎರಡು ದಿನ ಆಯ್ತು.”

“ಗೊತ್ತು. ಅಮ್ಮ ಇವತ್ತಿಗೂ ಅದನ್ನೇ ಹೇಳಿ ಬೈತಾಳೆ.”

“ಈ ಸಲ ಇಲ್ಲೇ ಇದ್ದು, ಯಾರೂ ಅಲ್ಲ ಅಂತ ಬರೆದುಕೊಡಬೇಕಂತೆ.” ಅವನು ಚುಕ್ಕಾಣಿಯನ್ನು ಸುಮ್ಮನೆ ಒಂದು ಸುತ್ತು ತಿರುಗಿಸಿದ. “ಕೋಟು ಬೇರೆ ತಂದಿದೀನಿ.”

“ಕ್ಲೋಥಿಲ್ಡ್ ಆಂಟಿ ಮಂಚ ಇನ್ನೂ ಅಡುಗೆಮನೇಲಿದೆ,” ಎಂದಳು ತ್ರಾಮ್. “ಶಾಲೆ ಮಕ್ಕಳು ಟೆಂಟಲ್ಲಿ ಕೂತಿದಾರೆ. ನೀನು ಬಿಟ್ರೆ ಇವರಲ್ಲಿ ಒಬ್ಬರೂ ಸಹಿ ಹಾಕೋ ಹಾಗಿಲ್ಲ. ಇಷ್ಟಕ್ಕೂ ಮದುವೆಗೆ ಬರಬೇಡ ಅಂತ ಯಾರಂದ್ರು? ಅಪ್ಪನಾಗಿ ಬರಬೇಡ ಅಂದ್ರು, ಅಷ್ಟೇ ತಾನೆ.”

“ಮತ್ತೇನಾಗಿ ಬರ್ಲಿ? ಅಡುಗೆಯವನಾಗಿಯಾ?”

“ಮದುವೆ ಇರೋದು ಸಮುದಾಯ ಭವನದಲ್ಲಿ. ಅದನ್ನ ಕಟ್ಟಿರೋದು ಪರಿಹಾರದ ದುಡ್ಡಲ್ಲಿ. ಅಲ್ಲಿ ಏನ್ ನಡೀತಿದೆ ಅಂತ ನೋಡಬೇಕಾದ್ದು ಯಾರ ಕೆಲಸ?”

ಖಾಂಗ್ ಮಗಳ ಮುಖ ನೋಡಿದ. ಆಮೇಲೆ ದೋಣಿಯಿಂದ ಇಳಿದ.

ಸಹಿಯಾಯಿತು. ಕಚೇರಿಯ ಮಾತಿನಲ್ಲಿ ಹೇಳುವುದಾದರೆ, ‘ಸದರಿ ಯುವತಿಯು ತನಗೆ ಪರಿಚಿತಳಾಗಿದ್ದು, ಏನೂ ಆಗಬೇಕಾಗಿಲ್ಲ’ ಎಂದು ಖಾಂಗ್ ಹೇಳಿಕೆ ಕೊಟ್ಟ. ಬದಲಿಗೆ, ಮದುವೆಯ ದಿನ ಭವನದ ತಪಾಸಣೆ ನಡೆಸಲು ಅವನು ಕೇಳಿದ ಅನುಮತಿಯನ್ನು ಲೋರ್ನಾ ಪ್ರೂವಿಟ್ ಅಲ್ಲೇ ಮಂಜೂರು ಮಾಡಿದರು. ಅವರಿಗೆ ಅದರಲ್ಲಿ ವಿಶೇಷವೇನೂ ಕಾಣಲಿಲ್ಲ. ತುಂಬಿದ ಸಭೆಯ ಭಾರವನ್ನು ನೆಲ ತಾಳುತ್ತದೆಯೇ ಎಂಬುದನ್ನು ಹೇಗೂ ಯಾರಾದರೂ ನೋಡಲೇಬೇಕಾಗಿತ್ತು.

ಮದುವೆ ಸುಸೂತ್ರವಾಗಿ ನಡೆಯಿತು. ಖಾಂಗ್ ಹೊಸ ಕೋಟಿನ ಮೇಲೆ ಹೊಳೆಯುವ ಹಳದಿ ಜಾಕೆಟ್ ತೊಟ್ಟು, ತಲೆಗೆ ಹೆಲ್ಮೆಟ್ ಹಾಕಿಕೊಂಡು ಬಾಗಿಲಲ್ಲಿ ನಿಂತಿದ್ದ. ವಧುವನ್ನು ಯಾರು ಕರೆದುಕೊಂಡು ಹೋಗಬೇಕು ಎಂಬ ಪ್ರಶ್ನೆ ಬಂದಾಗ ಸಣ್ಣ ಗೊಂದಲವಾಯಿತು. ಲೋರ್ನಾ ಪ್ರೂವಿಟ್ ತಮ್ಮ ಮಡಚುವ ಕುರ್ಚಿಯಿಂದಲೇ ನಿಯಮ ಓದಿ ಪರಿಹರಿಸಿದರು: “‘ಬೆಲೆಬಾಳುವ ವಸ್ತುವನ್ನು ಸ್ಥಳಾಂತರಿಸುವಾಗ ಮೇಲ್ವಿಚಾರಕನು ಮೊದಲಿನಿಂದ ಕೊನೆಯವರೆಗೆ ಅದರ ಪಕ್ಕದಲ್ಲೇ ನಡೆಯತಕ್ಕದ್ದು.’ ಕೈ ಹಿಡಿಯಬಹುದಾ ಅಂತ ಇಲ್ಲಿ ಹೇಳಿಲ್ಲ. ಹಿಡಿಯಬಾರದು ಅಂತಲೂ ಹೇಳಿಲ್ಲ.”

ಖಾಂಗ್ ಅವಳ ಪಕ್ಕದಲ್ಲೇ ನಡೆದ. ಕೈಯನ್ನೂ ಹಿಡಿದ, ನೆಲ ಜಾರುತ್ತಿತ್ತು ಎಂದು ವರದಿಯಲ್ಲಿ ಬರೆದ. ಸಾಲಿನ ಎರಡೂ ಬದಿಯಲ್ಲಿ ನಿಂತ ಶೆರಮಿಗಳೂ ಫಾಲ್ಗೂಗಳೂ ಅವನನ್ನು ನೋಡಿ ಗೌರವದಿಂದ ತಲೆ ಬಾಗಿಸಿದರು. ಅಧ್ಯಕ್ಷರು ಮಾತ್ರ ಕರವಸ್ತ್ರದಿಂದ ಮೂಗು ಒರೆಸಿಕೊಂಡು, “ನೆಗಡಿ,” ಎಂದರು.

ಪಾದ್ರಿಯ ಶಾಸ್ತ್ರ ಮುಗಿದ ಮೇಲೆ ಚಹಾದ ಶಾಸ್ತ್ರವಿತ್ತು. ವಿಯೆಟ್ನಾಮಿನವರ ಮನೆಯಲ್ಲಿ ಮದುಮಕ್ಕಳು ಹಿರಿಯರಿಗೆ ಎರಡೂ ಕೈಯಿಂದ ಚಹಾ ಕೊಡಬೇಕು. ಹಿರಿಯರು ಅದನ್ನು ಕುಡಿದು ಹರಸಬೇಕು. ಲುವಾಳಿಗೆ ಕೊಟ್ಟಾಯಿತು, ಆಕೆ ಕುಡಿದು ಹರಸಿಯೂ ಆಯಿತು. ತ್ರಾಮ್ ಇನ್ನೊಂದು ಬಟ್ಟಲು ಹಿಡಿದು ಹಳದಿ ಜಾಕೆಟ್ಟಿನ ಮುಂದೆ ನಿಂತಳು. ಲೋರ್ನಾ ಪ್ರೂವಿಟ್ ಪೆನ್ನು ತೆಗೆದರು.

“ಸರ್,” ಎಂದಳು ತ್ರಾಮ್. “ಹೊಸ ಟ್ಯಾಂಕಿನ ನೀರು. ಕಾಯಿಸಿದೀವಿ. ಮಾದರಿ ಪರೀಕ್ಷೆ ಮಾಡಬೇಕಿತ್ತು.”

ಖಾಂಗ್ ಹೆಲ್ಮೆಟ್ ತೆಗೆದು ಕಂಕುಳಲ್ಲಿ ಇಟ್ಟುಕೊಂಡು, ಎರಡೂ ಕೈಯಿಂದ ಬಟ್ಟಲು ಈಸಿಕೊಂಡ. ಪರೀಕ್ಷೆಗೆ ಒಂದು ಗುಟುಕು ಸಾಕಾಗಿತ್ತು. ಅವನು ಪೂರ್ತಿ ಕುಡಿದ.

“ಏನಾದ್ರೂ ದೋಷ?” ಎಂದರು ಲೋರ್ನಾ ಪ್ರೂವಿಟ್.

“ಸ್ವಲ್ಪ ಉಪ್ಪು,” ಎಂದ ಖಾಂಗ್, ತೋಳಿನಿಂದ ಕಣ್ಣೊರೆಸಿಕೊಂಡು. “ಟ್ಯಾಂಕಿನದಲ್ಲ.”

‘ನೀರು ಕುಡಿಯಲು ಯೋಗ್ಯ’ ಎಂದು ಆಕೆ ಬರೆದುಕೊಂಡರು. ಆ ಕೂಡಲೆ ಅಕಾರ್ಡಿಯನ್ ನುಡಿಸುವವರು ಶುರುಮಾಡಿದರು. ಖಾಂಗ್ ಮಗಳ ಜೊತೆ ಒಂದು ಸುತ್ತು ಕುಣಿದ. ನೆಲ ಗಟ್ಟಿಯಾಗಿದೆ ಎಂಬುದು ಅದರಿಂದ ಖಚಿತವಾಯಿತು. ಎಲ್ಡನ್ ಮಾವನೆಂದು ಕರೆಯುವಂತಿಲ್ಲದ ಮಾವನಿಗೆ ಪ್ರತ್ಯೇಕ ದಿನಪತ್ರಿಕೆ ಹಾಸಿ ಊಟ ಬಡಿಸಿದ.

ಆಮೇಲೆ ಎಲ್ಲವೂ ಕ್ರಮಬದ್ಧವಾಗಿ ಸಾಗಿತು. ಲಾರಿಗಳು ಬಂದವು, ಸಹಿಗಳಾದವು, ಕ್ಲೋಥಿಲ್ಡ್‌ಳ ಮನೆಗೆ ತಗಡು ಏರಿತು, ಮಂಚ ಅಡುಗೆಮನೆಯಿಂದ ಹೊರಗೆ ಬಂತು. ಆದರೆ ಪರಿಹಾರದ ಹಣದಲ್ಲಿ ನಡೆಯುವ ಪ್ರತಿಯೊಂದಕ್ಕೂ ಮೇಲ್ವಿಚಾರಣೆ ಬೇಕು. ಸಂಬಂಧ ವಿರಾಮವೂ ಅಂಥದ್ದೇ ಒಂದು. ಕಾಗದದ ಮೇಲೆ ವಿರಾಮ ಪಡೆದು, ಮನೆಯೊಳಗೆ ಗುಟ್ಟಾಗಿ ತಂದೆ ಮಗಳಾಗಿಯೇ ಉಳಿದುಬಿಟ್ಟರೆ ಅದು ಸರಕಾರಕ್ಕೆ ಬಗೆದ ದ್ರೋಹವಾಗುತ್ತದೆ. ಹೀಗಾಗಿ ಖಾಂಗ್‌ನ ಮನೆಯಲ್ಲಿ ಮಗಳಿಲ್ಲ ಎಂಬುದನ್ನು ಆಗಾಗ ಸ್ಥಳಕ್ಕೇ ಹೋಗಿ ಪರಿಶೀಲಿಸಲು ಒಬ್ಬ ಪರಿವೀಕ್ಷಕರು ಬೇಕೆಂದು ಕಚೇರಿಯು ನಿರ್ಧರಿಸಿತು.

ಆ ಪರಿವೀಕ್ಷಕರು ಖಾಂಗ್‌ಗೆ ಸಂಬಂಧವಿಲ್ಲದವರಾಗಿರಬೇಕು, ಮತ್ತು ಸಂಬಂಧವಿಲ್ಲವೆಂಬುದಕ್ಕೆ ಅವರ ಹತ್ತಿರ ದಾಖಲೆ ಇರಬೇಕು. ಊರವರು ಯಾರೂ ಅವನಿಗೆ ಸಂಬಂಧಿಕರಲ್ಲ ಎಂಬುದೇನೋ ನಿಜ. ಆದರೆ ಅದಕ್ಕೆ ಅವರ ಬಳಿ ದಾಖಲೆಯಿರಲಿಲ್ಲ. ಯಾರೂ ಅದನ್ನು ಮಾಡಿಸಿಕೊಂಡಿರಲಿಲ್ಲ. ಕಚೇರಿಯು ಕಡತಗಳನ್ನೆಲ್ಲ ತಡಕಿ ನೋಡಿದಾಗ, ಖಾಂಗ್‌ಗೆ ತಾನು ಏನೂ ಆಗಬೇಕಾಗಿಲ್ಲವೆಂದು ಮುದ್ರೆ ಒತ್ತಿದ ಪತ್ರ ಇಟ್ಟುಕೊಂಡವರು ಇಡೀ ಜಿಲ್ಲೆಯಲ್ಲಿ ಒಬ್ಬರೇ ಸಿಕ್ಕರು. ಆಕೆಗೆ ನೇಮಕದ ಆದೇಶ ಹೋಯಿತು. ಕಾರಿನ ಖರ್ಚು ಸರಕಾರದ್ದು.

ಈಗ ಪ್ರತಿ ಭಾನುವಾರ ಪರಿವೀಕ್ಷಕಿ ಶ್ರೀಮತಿ ತ್ರಾಮ್ ಶೆರಮಿ ಅವರು ಬೆಳಿಗ್ಗೆಯೇ ಬಾಯೂ ಕನಾರ್‌ಗೆ ಬರುತ್ತಾರೆ. ತಪಾಸಣೆ ಸಂಜೆಯವರೆಗೂ ನಡೆಯುತ್ತದೆ. ಚಾಲಕನಾಗಿ ಬಂದ ಎಲ್ಡನ್ ಅಂಗಳದಲ್ಲಿ ಬಲೆಯ ಹರಿದ ಕಣ್ಣುಗಳನ್ನು ಹೊಲಿದುಕೊಡುತ್ತಾನೆ. ಪರಿವೀಕ್ಷಕಿ ಅಡುಗೆಮನೆಯನ್ನು ಪರಿಶೀಲಿಸುತ್ತಾರೆ, ಅಲ್ಲೇ ಕೂತು ಲುವಾಳ ಜೊತೆ ಸೊಪ್ಪು ಬಿಡಿಸುತ್ತಾರೆ, ಮಧ್ಯಾಹ್ನ ಸೋಫಾವನ್ನು ಮಲಗಿ ಪರೀಕ್ಷಿಸುತ್ತಾರೆ. ಅಧ್ಯಕ್ಷರು ದಾರಿಯಲ್ಲಿ ಹೋಗುವಾಗ ಬೇಲಿಯಾಚೆಯಿಂದಲೇ, “ಪರಿಶೀಲನೆ ಹೇಗೆ ನಡೀತಿದೆ ಮೇಡಂ?” ಎಂದು ಕೇಳುತ್ತಾರೆ. “ನಡೀತಿದೆ,” ಎಂಬ ಉತ್ತರ ಬರುತ್ತದೆ. ಹೋದ ವಾರ ಲೋರ್ನಾ ಪ್ರೂವಿಟ್ ಕೂಡ ಫೋನು ಮಾಡಿ, ಇಷ್ಟು ಕಟ್ಟುನಿಟ್ಟಾದ ಮೇಲ್ವಿಚಾರಣೆಯನ್ನು ತಾವು ಬೇರೆ ಯಾವ ಜಿಲ್ಲೆಯಲ್ಲೂ ಕಂಡಿಲ್ಲವೆಂದು ಮೆಚ್ಚಿಕೊಂಡರು.

ಈ ಭಾನುವಾರವೂ ಬೆಳಕು ಇಳಿಯುವ ಹೊತ್ತಿಗೆ ತ್ರಾಮ್ ಊಟದ ಮೇಜಿನ ಒಂದು ಮೂಲೆ ಒರೆಸಿ, ವರದಿಯ ಹಾಳೆ ಹರಡಿ, ‘ಮನೆಯ ಎಲ್ಲ ಕೋಣೆಗಳನ್ನೂ ನೋಡಲಾಗಿದ್ದು, ಮಗಳು ಎನ್ನಬಹುದಾದ ಯಾರೂ ಕಂಡುಬಂದಿಲ್ಲ’ ಎಂದು ಬರೆದು ಅಪ್ಪನ ಮುಂದೆ ಸರಿಸಿದಳು. ಖಾಂಗ್ ಕನ್ನಡಕ ಹಾಕಿಕೊಂಡು ಓದಿ, ಸರಿಯಿದೆ ಎಂದು ಕೆಳಗೆ ಸಹಿ ಮಾಡಿ, ಎದ್ದು ಹೋಗಿ ಅವಳ ಡಬ್ಬಿಗೆ ಇನ್ನೆರಡು ತುಂಡು ಹುರಿದ ಮೀನು ಹಾಕಿದ.